ಪೊಲೀಸ್ ಕಾವಲಿನ ಬಸ್ಸು, ಹೆಸರಿಲ್ಲದ ಬುತ್ತಿಗಳು

ಹೈಕೋರ್ಟಿನ ಮಧ್ಯಂತರ ಆದೇಶ ಜಾರಿಗೆ ಬಂದ ಮೊದಲ ಬೆಳಿಗ್ಗೆ ಸೊರಬದಲ್ಲಿ ನಾನು ಬಸ್ ಹತ್ತಿದಾಗ ಮುಂದಿನ ಸೀಟಿನಲ್ಲಿ ಹೆಡ್ ಕಾನ್‌ಸ್ಟೇಬಲ್ ಒಬ್ಬರು ಕೂತಿದ್ದರು. ಅವರ ಲಾಠಿ ತಲೆಯ ಮೇಲಿನ ಲಗೇಜ್ ಕಂಬಿಗಳ ನಡುವೆ, ಯಾರದೋ ಹೂಕೋಸಿನ ಚೀಲದ ಪಕ್ಕದಲ್ಲಿ ಮಲಗಿತ್ತು. ನನ್ನ ಹಿಂದೆ ಹತ್ತಿದ ಅಜ್ಜಿಯೊಬ್ಬಳು ಖಾಕಿ ಕಂಡು ಮೆಟ್ಟಿಲಲ್ಲೇ ನಿಂತಳು.

“ಯಾರನ್ನ ಹಿಡ್ಕಂಡು ಹೋಗ್ತಿದೀಯ ಮಾರಾಯ?”

“ಬಸ್ಸನ್ನೇ ಅಜ್ಜಿ. ಹತ್ತು, ನಿನ್ನ ಬಿಟ್ಬಿಡ್ತೀನಿ.”

ಬಸ್ಸಿನಲ್ಲಿದ್ದವರು ನಕ್ಕರು. ಬಹಳ ದಿನಗಳ ಮೇಲೆ ಆ ಬಸ್ಸಿನಲ್ಲಿ ನಗು ಕೇಳಿಸಿತ್ತು.

ನಾನು ಜಿಲ್ಲಾ ಮಟ್ಟದ ದಿನಪತ್ರಿಕೆಯೊಂದರ ವರದಿಗಾರ್ತಿ. ಸೊರಬ, ಶಿಕಾರಿಪುರ ಎರಡೂ ತಾಲ್ಲೂಕು ನನ್ನ ಪಾಲಿಗೆ ಬರುತ್ತವೆ. ಮನೆ ಸೊರಬದಲ್ಲಿ, ಹೆಚ್ಚಿನ ಕೆಲಸ ಶಿಕಾರಿಪುರದಲ್ಲಿ. ಹೀಗಾಗಿ ಗುಡವಿಯಿಂದ ಬೆಳಿಗ್ಗೆ ಹೊರಟು ಸೊರಬ, ಬಂದಳಿಕೆ ಕ್ರಾಸ್, ಶಿರಾಳಕೊಪ್ಪದ ಮೇಲೆ ಶಿಕಾರಿಪುರ ಸೇರುವ ಈ ಖಾಸಗಿ ಬಸ್ಸು ನನ್ನ ದಿನಚರಿಯೇ ಆಗಿತ್ತು. ಇದರ ಮಾಲೀಕರಿಗೆ ಇದ್ದದ್ದು ಇದೊಂದೇ ಬಸ್ಸು. ಕ್ಲೀನರ್ ಆಗಿ ಕೆಲಸಕ್ಕೆ ಸೇರಿ, ಡ್ರೈವರ್ ಆಗಿ, ಕೊನೆಗೆ ಪರ್ಮಿಟ್ ಪಡೆದವರು ಅವರು.

ಜಗಳ ಶುರುವಾದದ್ದು ಗುಡವಿಯಲ್ಲಿ. ಸಂಜೆಯ ಕೊನೆಯ ಟ್ರಿಪ್ ಅಲ್ಲಿಗೆ ಮುಗಿಯುತ್ತದೆ. ರಾತ್ರಿ ಬಸ್ಸು ಅಲ್ಲೇ ನಿಲ್ಲುತ್ತದೆ. ಡ್ರೈವರು, ಕಂಡಕ್ಟರು ಸೀಟಿನ ಮೇಲೆ ಮಲಗಬೇಕು. ಪಕ್ಷಿಧಾಮದ ಕೆರೆ ಹತ್ತಿರ ಇರುವುದರಿಂದ ಸೊಳ್ಳೆಗಳಿಗೆ ಬರವಿಲ್ಲ. ಮಲಗಲು ಒಂದು ಕೋಣೆ, ಒಂದು ರಾತ್ರಿ ಬಿಟ್ಟು ಒಂದು ರಾತ್ರಿ ಮನೆಗೆ ಹೋಗಲು ಬದಲಿ ಸಿಬ್ಬಂದಿ, ಇಷ್ಟು ಬೇಕೆಂದು ಕಂಡಕ್ಟರ್ ಕೇಳಿದ. ಮಾಲೀಕರು ಆಗುವುದಿಲ್ಲ ಎಂದರು. ಆತ ಬೇರೆ ಬಸ್ಸುಗಳ ಸಿಬ್ಬಂದಿಯನ್ನು ಸೇರಿಸಿ ಸಂಘ ಕಟ್ಟಿದ. ಮಾಲೀಕರು ಅವನನ್ನು ಕೆಲಸದಿಂದ ತೆಗೆದರು.

ಆಮೇಲೆ ನಡೆದದ್ದನ್ನು ನಾನು ದಿನವೂ ವರದಿ ಮಾಡಿದ್ದೆ. ಶಿಕಾರಿಪುರದ ಖಾಸಗಿ ಬಸ್ ನಿಲ್ದಾಣದೊಳಗೆ ಈ ಬಸ್ಸು ಬರುತ್ತಿದ್ದಂತೆ ಇನ್ನೊಂದು ಬಸ್ಸನ್ನು ಅಡ್ಡ ನಿಲ್ಲಿಸುತ್ತಿದ್ದರು. ಚಕ್ರದ ಗಾಳಿ ಬಿಡುತ್ತಿದ್ದರು. ಮುಂದಿನ ಗಾಜಿಗೆ ಸಗಣಿ ಬಳಿದಿದ್ದರು. ರಾಣೆಬೆನ್ನೂರು ಕಡೆಯಿಂದ ಬಂದಿದ್ದ ಹೊಸ ಕಂಡಕ್ಟರನ ಟಿಕೆಟ್ ಯಂತ್ರವನ್ನು ಕಿತ್ತು ಚರಂಡಿಗೆ ಎಸೆದಿದ್ದರು. ಒಂದು ದಿನ ಕಲ್ಲೊಂದು ಬಂದು ಹಿಂದಿನ ಗಾಜು ಒಡೆಯಿತು. ಯಾರು ಎಸೆದರೆಂದು ನಾನು ನೋಡಿರಲಿಲ್ಲ, ‘ಯಾರೆಂದು ತಿಳಿದುಬಂದಿಲ್ಲ’ ಎಂದೇ ಬರೆದೆ. ಅದಕ್ಕೆ ಮಾಲೀಕರೂ ಸಿಟ್ಟಾದರು, ಸಂಘದವರೂ ಸಿಟ್ಟಾದರು. ಒಬ್ಬರಿಗೆ ನಾನು ಹೆಸರು ಮುಚ್ಚಿಟ್ಟಂತೆ, ಇನ್ನೊಬ್ಬರಿಗೆ ಹೆಸರು ಹೇಳದೆಯೇ ಬೆರಳು ತೋರಿಸಿದಂತೆ ಕಂಡಿತ್ತು.

ಮಾಲೀಕರು ಹೈಕೋರ್ಟಿಗೆ ಹೋದರು. ಆದೇಶದ ಪ್ರತಿ ಸಿಕ್ಕಿದ ಸಂಜೆ ಊರಿನ ವಾಟ್ಸಾಪ್ ಗುಂಪುಗಳಲ್ಲಿ ‘ಮುಷ್ಕರಕ್ಕೆ ಕೋರ್ಟ್ ನಿಷೇಧ’ ಎಂದು ಓಡಾಡಿತು. ನಾನು ಪ್ರತಿಯನ್ನು ಪೂರ್ತಿ ಓದಿದೆ, ಮತ್ತೆ ಓದಿದೆ. ಅದರಲ್ಲಿ ಇದ್ದದ್ದು ಬೇರೆ. ಬಸ್ಸು ಅಡ್ಡಿಯಿಲ್ಲದೆ ಓಡಲು ಪೊಲೀಸರು ರಕ್ಷಣೆ ಕೊಡಬೇಕು. ಪ್ರತಿಭಟನೆ ಮಾಡುವವರು ಬಸ್ಸಿನಿಂದ ಮೂವತ್ತು ಮೀಟರ್ ದೂರದಲ್ಲಿರಬೇಕು. ಶಾಂತಿಯುತ ಪ್ರತಿಭಟನೆಯನ್ನು ಪೊಲೀಸರು ತಡೆಯಬಾರದು. ಕೆಲಸದಿಂದ ತೆಗೆದದ್ದು ಸರಿಯೋ ತಪ್ಪೋ ಎಂಬುದನ್ನು ಕಾರ್ಮಿಕ ಇಲಾಖೆಯ ಮುಂದೆ ಇತ್ಯರ್ಥ ಮಾಡಿಕೊಳ್ಳಬೇಕು. ನಾನು ಆ ನಾಲ್ಕನ್ನೂ ಬರೆದೆ, ಬೇರೇನನ್ನೂ ಸೇರಿಸಲಿಲ್ಲ.

ಆದೇಶ ಎರಡು ತಾಲ್ಲೂಕಿನ ಠಾಣೆಗಳಿಗೂ ಇತ್ತು. ಗಡಿಯಲ್ಲಿ ಒಂದು ಠಾಣೆಯವರು ಇಳಿದು ಇನ್ನೊಂದು ಠಾಣೆಯವರು ಹತ್ತಬೇಕೆಂದು ಮೊದಲು ಯೋಚಿಸಿದ್ದರು. ಕಾವಲು ಬದಲಾಗುವಷ್ಟರಲ್ಲಿ ಬಸ್ಸು ತಡವಾದರೆ ಪೊಲೀಸರೇ ಬಸ್ಸಿಗೆ ಅಡ್ಡಿ ಮಾಡಿದಂತಾಗುತ್ತದೆ ಎಂದು ಸಬ್ ಇನ್‌ಸ್ಪೆಕ್ಟರ್ ಅದನ್ನು ಕೈಬಿಟ್ಟರು. ಉದ್ದಕ್ಕೂ ಒಬ್ಬರೇ ಬರುವುದೆಂದಾಯಿತು. ಅವರೇ ಈ ಹೆಡ್ ಕಾನ್‌ಸ್ಟೇಬಲ್. ಊರವರ ಬಾಯಲ್ಲಿ ದಫೇದಾರರು.

“ನಮ್ದು ಅಂಬ್ಲಿಗೊಳ ಮೇಡಂ,” ಎಂದು ಅವರೇ ಪರಿಚಯ ಹೇಳಿಕೊಂಡರು. “ಡ್ಯಾಮ್ ನೀರು ಕುಡಿದು ಬೆಳೆದೋನು. ತಣ್ಣಗಿರ್ತೀನಿ. ಗೇಟ್ ತೆಗೆಯೋ ಹೊತ್ತು ಬಂದ್ರೆ ಮಾತ್ರ ಬೇರೆ.”

ಹೊಸ ಕಂಡಕ್ಟರ್ ನನ್ನ ಹತ್ತಿರ ಬಂದು ಟಿಕೆಟ್ ಬೇಡವೆಂದ. ಮಾಲೀಕರು ಹೇಳಿದ್ದರಂತೆ. ನಾನು ದುಡ್ಡು ಕೊಟ್ಟು ಟಿಕೆಟ್ ಹರಿಸಿಕೊಂಡೆ. ವರದಿ ಮಾಡುವ ಬಸ್ಸಿನಲ್ಲಿ ಪುಕ್ಕಟೆ ಕೂರಬಾರದೆಂಬುದು ನನಗೆ ಕೆಲಸ ಕಲಿಸಿದ ಹಿರಿಯರು ಹಾಕಿಕೊಟ್ಟ ನಿಯಮ. ಕೂರುವ ಜಾಗವನ್ನೂ ಯೋಚಿಸಿ ಆರಿಸಿಕೊಂಡಿದ್ದೆ. ಮುಂಬಾಗಿಲಿನ ಹಿಂದಿನ ಕಿಟಕಿ ಸೀಟು. ಅಲ್ಲಿಂದ ಬಾಗಿಲು, ಕಂಡಕ್ಟರನ ಕೈ, ದಫೇದಾರರ ಬೆನ್ನು, ಹೊರಗಿನ ಜನ, ನಾಲ್ಕೂ ಒಟ್ಟಿಗೆ ಕಾಣುತ್ತಿದ್ದವು.

ಶಿಕಾರಿಪುರದ ನಿಲ್ದಾಣದಲ್ಲಿ ಪೊಲೀಸರು ಸುಣ್ಣದ ಗೆರೆ ಎಳೆದಿದ್ದರು. ಅಳೆದು ನೋಡಿದಾಗ ಗೆರೆ ಸೀದಾ ಹೋಟೆಲಿನ ಜಗುಲಿಗೆ ಬಂದಿತ್ತು. ಸಂಘದವರು ಜಗುಲಿಯ ಮೇಲೆ ಸಾಲಾಗಿ ನಿಂತಿದ್ದರು. ಮುಂದೆ ಹಳೆಯ ಕಂಡಕ್ಟರ್. ಹರಡಿದ ಎದೆ, ದಪ್ಪ ಮೀಸೆ, ನಿಲ್ದಾಣದ ಈ ತುದಿಯಿಂದ ಆ ತುದಿಗೆ ಮುಟ್ಟುವ ಗಂಟಲು.

“ಹಕ್ಕಿಗೆ ಗೂಡು, ಕಂಡಕ್ಟರ್‌ಗೆ ಸೀಟು!” ಎಂದು ಅವನು ಕೂಗಿದರೆ ಉಳಿದವರು “ಇದ್ಯಾವ ನ್ಯಾಯ?” ಎನ್ನುತ್ತಿದ್ದರು.

ಹೋಟೆಲಿನವನು ದಫೇದಾರರ ಹತ್ತಿರ ಬಂದ. “ನಮ್ಮ ಗಿರಾಕಿಗಳು ಟೀ ಲೋಟ ಹಿಡ್ಕಂಡು ಗೆರೆಯಿಂದ ಈಚೆ ಬರಬೌದೇನ್ರೀ?”

“ಟೀ ಕುಡಿಯೋರು ಬರಬೌದು. ಘೋಷಣೆ ಕೂಗೋರು ಅಲ್ಲೇ ಕುಡೀಲಿ.”

“ಕುಡ್ದು ಕೂಗಿದ್ರೆ?”

“ಟೀ ತಾನೇ? ಕೂಗ್ಲಿ ಬಿಡ್ರೀ.”

ಆ ದಿನ ಯಾರೂ ಗೆರೆ ದಾಟಲಿಲ್ಲ, ಬಸ್ಸು ಹೊತ್ತಿಗೆ ಸರಿಯಾಗಿ ಬಂತು, ಹೊತ್ತಿಗೆ ಸರಿಯಾಗಿ ಹೊರಟಿತು. ಆದೇಶ ಪಾಲನೆಯಾಯಿತೆಂದು ಎಲ್ಲರೂ ಭಾವಿಸಿದರು. ಆದರೆ ಎಡವಟ್ಟು ಬೇರೆ ಕಡೆ ಆಗಿತ್ತು. ಬುತ್ತಿಗಳು.

ನಮ್ಮ ಕಡೆ ಇದು ಹಳೆಯ ರೂಢಿ. ಆಸ್ಪತ್ರೆಯಲ್ಲಿ ಮಲಗಿದವರಿಗೆ, ಹಾಸ್ಟೆಲಿನ ಮಕ್ಕಳಿಗೆ, ಕಚೇರಿಯಲ್ಲಿ ಕೆಲಸ ಮಾಡುವವರಿಗೆ ಹಳ್ಳಿಯ ಮನೆಗಳಿಂದ ಬೆಳಗಿನ ಬಸ್ಸಿನಲ್ಲಿ ಬುತ್ತಿ ಬರುತ್ತದೆ. ರಸ್ತೆ ಬದಿಯಲ್ಲಿ ನಿಂತ ಹೆಂಗಸರು ಬಸ್ಸಿನ ಕಿಟಕಿಗೆ ಬುತ್ತಿ ಎತ್ತಿ ಕೊಡುತ್ತಾರೆ. ಕಂಡಕ್ಟರ್ ಅದನ್ನು ಡ್ರೈವರನ ಪಕ್ಕದ ಹಲಗೆಯ ಮೇಲೆ ಇಡುತ್ತಾನೆ. ಶಿಕಾರಿಪುರದಲ್ಲಿ ಕೆಲವರು ತಾವೇ ಬಂದು ಒಯ್ಯುತ್ತಾರೆ, ಆಸ್ಪತ್ರೆಯವನ್ನು ಒಂದು ಆಟೊದವನು ಒಟ್ಟಿಗೆ ಒಯ್ಯುತ್ತಾನೆ. ಯಾವ ಬುತ್ತಿಯ ಮೇಲೂ ಹೆಸರಿರುವುದಿಲ್ಲ. ಹೆಸರು ಬರೆಯುವುದೆಂದರೆ ಕಂಡಕ್ಟರನನ್ನು ನಂಬದಂತೆ ಎಂಬ ಭಾವನೆ. ಬುತ್ತಿಗೆ ಕಟ್ಟಿದ ಬಟ್ಟೆಯೇ ಅದರ ಗುರುತು.

ಗಲಾಟೆಯ ದಿನಗಳಲ್ಲಿ ಯಾರೂ ಬುತ್ತಿ ಕಳಿಸಿರಲಿಲ್ಲ, ಹೀಗಾಗಿ ಹೊಸ ಕಂಡಕ್ಟರನಿಗೆ ಇದು ಯಾವುದೂ ಗೊತ್ತಿರಲಿಲ್ಲ. ಅವನದು ತಪ್ಪೂ ಅಲ್ಲ. ಹಲಗೆಯ ತುಂಬ ಗಂಟುಗಳು, ಎದುರಿಗೆ ಕೈ ಚಾಚಿದ ಜನ.

“ಯಾರ್ದು ಯಾವ್ದು ಅಂತ ನನಗ ಹ್ಯಾಂಗ ಗೊತ್ತಾಗಬೇಕ್ರೀ? ಒಂದರ ಮ್ಯಾಲೂ ಹೆಸರಿಲ್ಲಲ್ರೀ!”

“ನಮ್ದು ಹಸಿರು ಬಟ್ಟೆ ಕಣ್ರೀ.”

“ಹಸಿರು ಮೂರ್ ಅದಾವಲ್ರೀ ಇಲ್ಲಿ!”

ಮಾರನೆಯ ದಿನ ತಾಲ್ಲೂಕು ಕಚೇರಿಯ ಸರ್ವೆಯರ್ ಒಬ್ಬರು ನಿಲ್ದಾಣದಲ್ಲಿ ಸಿಕ್ಕರು. “ನಿನ್ನೆ ಊಟದಲ್ಲಿ ಉಪ್ಪಿಲ್ಲ, ಖಾರ ಇಲ್ಲ, ಬರೀ ಬೆಳ್ಳುಳ್ಳಿ, ಮೆಂತ್ಯ. ಹೆಂಡ್ತಿಗೆ ನನ್ ಮೇಲೆ ಯಾಕೋ ಸಿಟ್ಟು ಬಂದೈತೆ ಅಂತ ಸಂಜೆವರೆಗೂ ಫೋನೇ ಮಾಡ್ಲಿಲ್ಲ ಮೇಡಂ,” ಎಂದರು.

ಅದು ಬಾಣಂತಿಯ ಬುತ್ತಿ. ಬಂದಳಿಕೆ ಕಡೆಯ ಹೆಂಗಸೊಬ್ಬರು ಆಸ್ಪತ್ರೆಯಲ್ಲಿದ್ದ ಮಗಳಿಗೆ ಕಳಿಸಿದ್ದು. ಮಗಳಿಗೆ ಸಿಸೇರಿಯನ್ ಆಗಿತ್ತು. ಸರ್ವೆಯರರ ಮೆಣಸಿನಕಾಯಿ ಚಟ್ನಿ, ಹುರಿದ ಮೀನು ಆಕೆಯ ಹಾಸಿಗೆಗೆ ಹೋಗಿತ್ತು. ಆಕೆ ಅದನ್ನು ಮುಟ್ಟದೆ ಮಧ್ಯಾಹ್ನವೆಲ್ಲ ಹಸಿದುಕೊಂಡು, ಮಗುವಿಗೆ ಹಾಲೂಡಿಸಿದ್ದಳು. ಬಾಣಂತಿಯ ತಾಯಿ ಬಂದಳಿಕೆ ಕ್ರಾಸಿನಲ್ಲಿ ಬಸ್ಸಿನ ಕಿಟಕಿಗೆ ಕೈ ಹಾಕಿ ನನ್ನನ್ನೇ ಕೇಳಿದರು.

“ಪೇಪರ್ ಅಕ್ಕಾ, ಬಸ್ಸಿಗೆ ಪೊಲೀಸ್ ಕೊಟ್ರಲ್ಲ, ನನ್ ಮಗಳ ಬುತ್ತಿಗೆ ಯಾರನ್ನ ಕೊಡ್ತಾರೆ?”

ಆ ಪ್ರಶ್ನೆಯನ್ನು ಹಾಗೇ ವರದಿಯಲ್ಲಿ ಹಾಕಿದೆ. ಪತ್ರಿಕಾ ಕಚೇರಿಯ ಡೆಸ್ಕಿನವರು ಸ್ಥಳವಿಲ್ಲವೆಂದು ಕತ್ತರಿಸಿದರು.

ಬುತ್ತಿ ಕಳಿಸುವವರು ಕಡಿಮೆಯಾದರು, ಅದೇ ದಾರಿಯ ಟೆಂಪೊಗಳಿಗೆ ಕೊಡತೊಡಗಿದರು. ಅವರ ಜೊತೆ ಪ್ರಯಾಣಿಕರೂ ಕಡಿಮೆಯಾದರು, ಏಕೆಂದರೆ ಬುತ್ತಿ ಹೋಗುವ ಟೆಂಪೊದಲ್ಲೇ ಜನರೂ ಹೋಗತೊಡಗಿದರು. ಕಾವಲು ಗಟ್ಟಿಯಾಗಿತ್ತು, ಬಸ್ಸು ಖಾಲಿಯಾಗುತ್ತಿತ್ತು. ಅತ್ತ ಸಂಘದವರಿಗೂ ನೆಮ್ಮದಿ ಇರಲಿಲ್ಲ. ಬುತ್ತಿ ತಪ್ಪಿದವರೆಲ್ಲ ಬೈದದ್ದು ಅವರನ್ನೇ. ಬಾಣಂತಿಯ ತಾಯಿಯಂತೂ ಬಟ್ಟೆಯ ಗುರುತು, ಮಂಚದ ಜಾಗ ಎಲ್ಲ ಹೇಳಿಯೇ ಬೈದಿದ್ದರು. ಹಳೆಯ ಕಂಡಕ್ಟರ್ ಜಗುಲಿಯ ಮೇಲಿಂದಲೇ ಕೂಗಿ ಹೇಳಲು ನೋಡುತ್ತಿದ್ದ. “ಕೆಂಪು ಚೌಕಳಿ ಹಾಸ್ಟೆಲ್‌ದು! ಆ ಬಿಳಿ ಪಂಚೆ ತುಂಡು ಬ್ಯಾಂಕಿಂದು!” ಅವನ ಗಂಟಲು ಎಷ್ಟೇ ದೊಡ್ಡದಿದ್ದರೂ ನಿಲ್ದಾಣದ ಹಾರ್ನುಗಳ ನಡುವೆ ಅರ್ಧ ಮಾತು ದಾರಿಯಲ್ಲೇ ಬಿದ್ದುಹೋಗುತ್ತಿತ್ತು. ಅವನದೇ ಜನರ ಘೋಷಣೆ ಉಳಿದರ್ಧವನ್ನು ನುಂಗುತ್ತಿತ್ತು.

ಗೆರೆ ದಾಟಿದರೆ ಏನಾಗುತ್ತದೆಂಬುದು ಅವನಿಗೆ ಚೆನ್ನಾಗಿ ಗೊತ್ತಿತ್ತು. ಮಾಲೀಕರ ವಕೀಲರು ಮೊದಲ ದಿನವೇ ಎಲ್ಲರ ಮುಂದೆ ಹೇಳಿದ್ದರು. ನ್ಯಾಯಾಂಗ ನಿಂದನೆ ಅರ್ಜಿ, ಜೈಲಾದರೂ ಆದೀತು, ಕೆಲಸದ ಮಾತಂತೂ ಅಲ್ಲಿಗೇ ಮುಗಿಯಿತು. ಕಾರ್ಮಿಕ ಅಧಿಕಾರಿಯ ಮುಂದೆ ಸಂಧಾನದ ದಿನ ಗೊತ್ತಾಗಿತ್ತು. ಅಲ್ಲಿಯವರೆಗೆ ತಣ್ಣಗಿದ್ದರೆ ಮರಳಿ ಕೆಲಸ ಸಿಗುವ ದಾರಿ ಇತ್ತು.

ಅವನು ಗೆರೆ ದಾಟಿದ್ದು ಸಂಧಾನಕ್ಕೆ ಕೆಲವೇ ದಿನ ಉಳಿದಿರುವಾಗ.

ಆ ಬೆಳಿಗ್ಗೆ ನಾನು ಕಂಡದ್ದು ಇಷ್ಟು. ಬಸ್ಸು ಬಂದು ನಿಂತಿತು. ಸರ್ವೆಯರ್ ಬಾಗಿಲ ಹತ್ತಿರ ಬಂದರು. ಹೊಸ ಕಂಡಕ್ಟರ್ ಹಳದಿ ಅಂಚಿನ ಹಸಿರು ಗಂಟೊಂದನ್ನು ಎತ್ತಿ ಅವರ ಕೈಗೆ ಕೊಟ್ಟ. ಜಗುಲಿಯಿಂದ “ಅದಲ್ಲ! ಅದು ಬಾಣಂತೀದು!” ಎಂಬ ಕೂಗು ಬಂತು. ನನಗೆ ಕೇಳಿಸಿತು, ಬಾಗಿಲಲ್ಲಿದ್ದವರಿಗೆ ಕೇಳಿಸಲಿಲ್ಲ. ಸರ್ವೆಯರ್ ತಿರುಗಿದರು. ಮರುಕ್ಷಣ ಹಳೆಯ ಕಂಡಕ್ಟರ್ ಜಗುಲಿಯಿಂದ ಹಾರಿ, ಸುಣ್ಣದ ಗೆರೆ ತುಳಿದು, ಓಡಿ ಬಂದ. ಸರ್ವೆಯರರ ಕೈಯಿಂದ ಗಂಟನ್ನು ಕಿತ್ತುಕೊಂಡ. ಬಸ್ಸಿನ ಮೆಟ್ಟಿಲ ಮೇಲೆ ಬಲಗಾಲಿಟ್ಟು, ಹೊಸ ಕಂಡಕ್ಟರನನ್ನು ಮೊಣಕೈಯಿಂದ ಸರಿಸಿ, ಹಲಗೆಯಿಂದ ಇನ್ನೊಂದು ಹಸಿರು ಗಂಟನ್ನು ಎಳೆದು ಸರ್ವೆಯರರಿಗೆ ಕೊಟ್ಟ. ಮೊದಲಿನದನ್ನು ಆಟೊದವನ ಮಡಿಲಿಗೆ ಹಾಕಿ, “ಹೆರಿಗೆ ವಾರ್ಡು, ಕಿಟಕಿ ಪಕ್ಕದ ಮಂಚ. ಓಡು!” ಎಂದ.

ಆಮೇಲೆ ಅವನಿಗೆ ತಾನೆಲ್ಲಿ ನಿಂತಿದ್ದೇನೆಂದು ಅರಿವಾಯಿತು. ಮೆಟ್ಟಿಲ ಮೇಲಿದ್ದ ಕಾಲನ್ನು ನೋಡಿದ. ದಫೇದಾರರು ಎದ್ದು ಬಾಗಿಲಿಗೆ ಬಂದಿದ್ದರು. ಲಾಠಿ ಕಂಬಿಯ ಮೇಲೇ ಇತ್ತು.

“ಹಿಂದಕ್ಕೆ,” ಎಂದರು, ದನಿ ಏರಿಸದೆ.

ಅವನು ಹಿಂದಕ್ಕೆ ನಡೆದು ಗೆರೆಯಾಚೆ ನಿಂತ. ಘೋಷಣೆ ನಿಂತುಹೋಗಿತ್ತು. ಟೈಮ್‌ಕೀಪರ್ ಸೀಟಿ ಊದಿದ. ಬಸ್ಸು ಹೊರಟಿತು.

ನಾನು ಅಲ್ಲೇ ಇಳಿದುಕೊಂಡಿದ್ದೆ. ಸ್ವಲ್ಪ ಹೊತ್ತಿನಲ್ಲೇ ಮೊಬೈಲಿಗೆ ವಿಡಿಯೊ ತುಣುಕು ಬಂತು. ಅವನು ಗೆರೆ ತುಳಿಯುವುದು, ಸರ್ವೆಯರರ ಕೈಯಿಂದ ಏನನ್ನೋ ಕಿತ್ತುಕೊಳ್ಳುವುದು, ಬಸ್ಸಿಗೆ ಕಾಲಿಟ್ಟು ಹೊಸ ಕಂಡಕ್ಟರನನ್ನು ತಳ್ಳುವುದು. ಅಲ್ಲಿಗೆ ಮುಗಿದಿತ್ತು. ಆಟೊ ಇರಲಿಲ್ಲ. ಕೆಳಗೆ ‘ಹೈಕೋರ್ಟಿಗೇ ಸವಾಲು’ ಎಂಬ ಸಾಲು.

ಸಂಘದ ಡ್ರೈವರೊಬ್ಬ ನನ್ನನ್ನು ಹೋಟೆಲಿನ ಮೂಲೆಗೆ ಕರೆದ. “ಮೇಡಂ, ಬುತ್ತಿ ವಿಷ್ಯ ಬರೀರಿ. ಗೆರೆ ದಾಟಿದ್ದು ಬಿಟ್ಬಿಡ್ರಿ. ಪಾಪ, ಜೈಲಿಗೆ ಹೋಗ್ತಾನೆ.”

ಹಳೆಯ ಕಂಡಕ್ಟರ್ ಪಕ್ಕದ ಬೆಂಚಿನಲ್ಲೇ ಕೂತಿದ್ದ. ಟೀ ಲೋಟ ಹಾಗೇ ತಣ್ಣಗಾಗಿತ್ತು. “ಯಾಕ್ ಬಿಡ್ಬೇಕು?” ಎಂದ. “ದಾಟಿದೀನಿ. ಊರೆಲ್ಲ ನೋಡೈತೆ. ದಾಟಿಲ್ಲ ಅಂತ ಇವರು ಬರೆದ್ರೆ ಇವರ ಪೇಪರು ನಾಳೆ ಮಂಡಕ್ಕಿ ಕಟ್ಟೋಕೂ ಬರಲ್ಲ.” ಆಮೇಲೆ ನನ್ನ ಕಡೆ ತಿರುಗಿದ. “ಬೇಕಂತ ದಾಟ್ಲಿಲ್ಲ ಮೇಡಂ. ಕಾಲು ಹೋಯ್ತು. ಬಸ್ಸು ಬಂದು ನಿಂತ್ರೆ ನನ್ ಕಾಲು ಮೆಟ್ಲಿಗೇ ಹೋಗೋದು. ಅದು ಮಾತ್ರ ಸೇರಿಸ್ರಿ.”

ದಫೇದಾರರು ಮಧ್ಯಾಹ್ನದ ಟ್ರಿಪ್ಪಿನಲ್ಲಿ ಮರಳಿ ಬಂದು ದಿನದ ವರದಿ ಬರೆಯುತ್ತಿದ್ದರು. ಅವರ ವರದಿ ಸಬ್ ಇನ್‌ಸ್ಪೆಕ್ಟರ್ ಮೂಲಕ ಕೋರ್ಟಿಗೆ ಹೋಗುವಂಥದ್ದು. ಏನು ಬರೆಯುತ್ತೀರಿ ಎಂದು ನಾನು ಕೇಳಲಿಲ್ಲ, ಕೇಳಿದ್ದರೂ ಅವರು ಹೇಳುತ್ತಿರಲಿಲ್ಲ. ಅವರೇ ಒಂದು ಮಾತು ಹೇಳಿದರು. “ನಾನೂ ಮುಚ್ಚಿಡಂಗಿಲ್ಲ, ನೀವೂ ಮುಚ್ಚಿಡಂಗಿಲ್ಲ. ಇಬ್ಬರೂ ಬೇರೆ ಬೇರೆ ಕೂತು ಬರೆದಿದ್ದು ಒಂದೇ ಆಗಿದ್ರೆ, ಅದು ಅವನನ್ನ ಕಾಯಬೌದು.”

ಡೆಸ್ಕಿನಿಂದ ಫೋನು ಬಂತು. ಕ್ಲಿಪ್ ಎಲ್ಲ ಕಡೆ ಓಡುತ್ತಿದೆ, ಪ್ರತಿಸ್ಪರ್ಧಿಗಳ ವೆಬ್‌ಸೈಟಿನಲ್ಲಿ ಆಗಲೇ ಬಂದಿದೆ, ನಮ್ಮದು ಯಾವಾಗ ಎಂದು ಉಪಸಂಪಾದಕರು ಕೇಳಿದರು. ನಾನು ಸಂಜೆಯವರೆಗೆ ಕಾಯಿರಿ ಎಂದೆ. “ನೀವು ಎದುರಿಗೇ ಇದ್ರಲ್ಲ, ಇನ್ನೇನು ನೋಡೋದಿದೆ?” ಎಂದರು. ಬಸ್ಸಿನ ಬಾಗಿಲಲ್ಲಿ ಆದದ್ದನ್ನು ನಾನು ಕಂಡಿದ್ದೆ. ಆ ಗಂಟು ಎಲ್ಲಿಗೆ ಹೋಯಿತೆಂಬುದನ್ನು ಕಂಡಿರಲಿಲ್ಲ. ಆಟೊದವನ ಮಡಿಲಿಗೆ ಬಿದ್ದ ಬುತ್ತಿ ಬಾಣಂತಿಯದೇ ಎಂಬುದು ಅವನ ಬಾಯಿಮಾತು. ಅದು ಸುಳ್ಳಾದರೆ ಅವನು ಓಡಿದ್ದಕ್ಕೆ ಬೇರೆ ಕಾರಣವಿದೆ ಎಂದಾಗುತ್ತಿತ್ತು.

ಆಸ್ಪತ್ರೆಗೆ ಹೋದೆ. ಹೆರಿಗೆ ವಾರ್ಡಿನಲ್ಲಿ ಕಿಟಕಿ ಪಕ್ಕದ ಮಂಚದ ಕೆಳಗೆ, ತೊಳೆದು ಬೋರಲು ಹಾಕಿದ ಡಬ್ಬಿಯ ಮೇಲೆ ಹಳದಿ ಅಂಚಿನ ಹಸಿರು ಬಟ್ಟೆ ಮಡಿಸಿಟ್ಟಿತ್ತು. ಬಾಣಂತಿ ಮಗುವನ್ನು ತೊಡೆಯ ಮೇಲೆ ಹಾಕಿಕೊಂಡಿದ್ದಳು.

“ನಂದೇ ಸೀರೆ ತುಂಡು ಅದು,” ಎಂದಳು. “ಇವತ್ತು ಸರಿಯಾಗೇ ಬಂತು ಅಕ್ಕ. ಆಟೊದಣ್ಣ ಬಿಸಿ ಆರೋಕೂ ಬಿಡ್ದಂಗೆ ತಂದ. ಯಾಕೆ, ಎಂತಾಯ್ತು?”

ಅವಳ ತಾಯಿಗೆ ಫೋನ್ ಮಾಡಿ ಬುತ್ತಿಯೊಳಗೆ ಏನಿತ್ತೆಂದು ಕೇಳಿದೆ. ಮಗಳು ಹೇಳಿದ್ದಕ್ಕೆ ತಾಳೆಯಾಯಿತು. ಸರ್ವೆಯರರನ್ನು ಕಚೇರಿಯಲ್ಲಿ ಕಂಡೆ. ಅವರು ತಮ್ಮ ಡಬ್ಬಿಯ ಮುಚ್ಚಳ ತೆಗೆದು ತೋರಿಸಿಯೇಬಿಟ್ಟರು. “ಇವತ್ತು ಖಾರ ಇದೆ ಮೇಡಂ. ಸಂಸಾರ ಸರಿ ಇದೆ ಅಂತ ಬರ್ಕಳ್ರಿ.” ಟೈಮ್‌ಕೀಪರನನ್ನು ಕೇಳಿದೆ. ಬಸ್ಸು ತನ್ನ ಹೊತ್ತಿಗೇ ಹೊರಟಿತೆಂದು ಅವನು ಹೇಳಿದ. ಹೊಸ ಕಂಡಕ್ಟರನನ್ನು ಕೇಳಿದೆ. “ಮೊಣಕೈ ತಾಗಿತ್ರೀ, ಖರೇನ. ಪೆಟ್ಟೇನೂ ಆಗಿಲ್ರೀ,” ಎಂದ. ಅವನೇ ಮುಂದುವರಿದು, “ಆ ಹಸಿರು ಗಂಟು ನನಗೂ ಗೊತ್ತಾಗಿರಲಿಲ್ರೀ. ಅಂವಾ ಬರದಿದ್ರ ಇವತ್ತೂ ತಪ್ಪತಿತ್ತು,” ಎಂದ. ಎರಡನ್ನೂ ಬರೆದುಕೊಂಡೆ.

ಮಾಲೀಕರ ಮನೆಗೆ ಹೋದಾಗ ವಕೀಲರು ಅಲ್ಲೇ ಇದ್ದರು. ನಿಂದನೆ ಅರ್ಜಿಯ ಕರಡು ಸಿದ್ಧವಾಗುತ್ತಿತ್ತು.

“ಕ್ಲಿಪ್ ನೋಡಿದ್ರಲ್ಲ?” ಎಂದರು ಮಾಲೀಕರು.

“ಅದಕ್ಕೂ ಮೊದಲೇ ಎದುರಿಗೆ ನೋಡಿದೆ.”

“ಮತ್ತೆ? ಗೆರೆ ದಾಟಿದ್ದು ಹೌದೋ ಅಲ್ವೋ?”

“ಹೌದು. ಅದನ್ನೇ ಬರೀತೀನಿ. ಉಳಿದದ್ದನ್ನೂ ಬರೀತೀನಿ. ನೀವು ಹೇಳೋದಿದ್ರೆ ಅದನ್ನೂ ಹಾಕ್ತೀನಿ.”

ಅವರು ಬೇಡವೆಂದು ಕೈಯಾಡಿಸಿದರು. ‘ಪ್ರತಿಕ್ರಿಯೆ ನೀಡಲು ಮಾಲೀಕರು ನಿರಾಕರಿಸಿದರು’ ಎಂದು ಬರೆದೆ.

ವರದಿಯ ಮೊದಲ ವಾಕ್ಯದಲ್ಲೇ ಅವನು ನ್ಯಾಯಾಲಯ ನಿಗದಿಪಡಿಸಿದ ಗೆರೆಯನ್ನು ದಾಟಿದನೆಂದು ಹೇಳಿದೆ. ಎರಡನೆಯದರಲ್ಲಿ ಬಾಣಂತಿಯ ಬುತ್ತಿ ತಪ್ಪು ಕೈಗೆ ಹೋಗುತ್ತಿತ್ತೆಂದು. ಮೂರನೆಯದರಲ್ಲಿ, ಪೊಲೀಸರು ಹೇಳಿದೊಡನೆ ಹಿಂದೆ ಸರಿದನೆಂದು, ಬಸ್ಸು ತಡವಾಗಲಿಲ್ಲವೆಂದು. ‘ಪಾಪ’ ಎಂಬ ಅರ್ಥ ಬರುವ ಒಂದು ಪದವನ್ನೂ ಹಾಕಲಿಲ್ಲ. ಡೆಸ್ಕಿನವರು ‘ಹೈಕೋರ್ಟ್ ಆದೇಶ ಗಾಳಿಗೆ’ ಎಂಬ ಶೀರ್ಷಿಕೆ ಯೋಚಿಸಿದ್ದರು. ನಾನು ಒಪ್ಪಲಿಲ್ಲ. ಆ ಶೀರ್ಷಿಕೆ ಬೇಕಿದ್ದರೆ ವರದಿಯನ್ನು ಹಿಂದಕ್ಕೆ ಕೊಡಿ, ಕ್ಲಿಪ್ ನೋಡಿ ನೀವೇ ಬರೆದುಕೊಳ್ಳಿ ಎಂದೆ. ಇಷ್ಟು ವರ್ಷಗಳಲ್ಲಿ ಡೆಸ್ಕಿಗೆ ಹಾಗೆ ಹೇಳಿದ್ದು ಅದೇ ಮೊದಲು. ವಿಷಯ ಸಂಪಾದಕರವರೆಗೆ ಹೋಯಿತು. ಅವರು ವರದಿಯನ್ನು ಫೋನಿನಲ್ಲೇ ಓದಿಸಿಕೊಂಡು, ಆಸ್ಪತ್ರೆಗೆ ಹೋಗಿದ್ದಿರಾ ಎಂದಷ್ಟೇ ಕೇಳಿದರು. ಹೌದೆಂದೆ. ಮಾರನೆಯ ದಿನ ಶೀರ್ಷಿಕೆ ಹೀಗಿತ್ತು: ‘ಬುತ್ತಿಗಾಗಿ ಗೆರೆ ದಾಟಿದ ಕಂಡಕ್ಟರ್, ಬಸ್ ತಡವಾಗಲಿಲ್ಲ.’

ಆ ಬೆಳಿಗ್ಗೆ ಬಸ್ಸು ಶಿಕಾರಿಪುರ ಮುಟ್ಟಿದಾಗ ಮಾಲೀಕರು ನಿಲ್ದಾಣದಲ್ಲಿ ನಿಂತಿದ್ದರು. ಆದೇಶ ಬಂದ ಮೇಲೆ ಅವರು ಅಲ್ಲಿಗೆ ಬಂದದ್ದು ಅದೇ ಮೊದಲು. ಕಂಕುಳಲ್ಲಿ ಪತ್ರಿಕೆ ಇತ್ತು. ಬಸ್ಸಿನ ಪಕ್ಕದಲ್ಲಿ ನಿಂತು, ಮೂವತ್ತು ಮೀಟರ್ ಆಚೆಗಿನ ಜಗುಲಿಗೆ ಕೇಳುವಂತೆ ಕೂಗಿದರು.

“ಏಯ್! ದಾಟಿದ್ದು ತಪ್ಪು ಅಂತ ಒಪ್ತೀಯೇನೋ?”

“ಒಪ್ತೀನಿ ಸಾವ್ಕಾರ್ರೇ!” ಜಗುಲಿಯಿಂದ ಉತ್ತರ ಬಂತು. “ನೀವು ಗುಡವೀಲಿ ಒಂದ್ ರಾತ್ರಿ ಸೀಟ್ ಮೇಲೆ ಮಲಗ್ರಿ, ಆಮೇಲೆ ನೀವೂ ಒಪ್ರಿ!”

“ನನಗೇ ಹೇಳ್ತೀಯಾ? ನಾನು ಬಸ್ ಟಾಪ್ ಮೇಲೆ ಮಲಗಿದೋನು ಕಣೋ, ಮಳೇಲಿ!”

“ಹಂಗಾದ್ರೆ ನಿಮಗೆ ಗೊತ್ತಿರ್ಬೇಕಲ್ಲ!”

ಮಾಲೀಕರು ಪತ್ರಿಕೆಯನ್ನು ಇನ್ನೊಂದು ಕಂಕುಳಿಗೆ ಬದಲಾಯಿಸಿಕೊಂಡರು. ಹಲಗೆಯ ಮೇಲೆ ಆ ದಿನ ಉಳಿದಿದ್ದ ಕೆಲವೇ ಬುತ್ತಿಗಳನ್ನು ನೋಡಿದರು, ಹಿಂದಿನ ಖಾಲಿ ಸೀಟುಗಳನ್ನು ನೋಡಿದರು. ಆಮೇಲೆ ದಫೇದಾರರ ಕಡೆ ತಿರುಗಿ ಮೆಲ್ಲಗೆ ಕೇಳಿದರು.

“ನಾನೇ ಬೇಡ ಅನ್ನದಿದ್ರೆ, ಅವನು ಬುತ್ತಿ ಇಳಿಸೋಕೆ ಬರಬೌದೇನ್ರೀ?”

“ನಾನು ಹೇಳಂಗಿಲ್ಲ. ಸಾಹೇಬ್ರನ್ನ ಕೇಳ್ಬೇಕು. ನೀವು ಬರೆದು ಕೊಡ್ಬೇಕು,” ಎಂದರು ದಫೇದಾರರು.

ಠಾಣೆಯಲ್ಲಿ ಅದು ಸಲೀಸಾಗಿ ಆಗಲಿಲ್ಲ. ರಕ್ಷಣೆ ಕೇಳಿದವರೇ ಸಡಿಲಿಸಿದರೆ ನಾಳೆ ಏನಾದರೂ ಆದಾಗ ಹೊಣೆ ಯಾರದೆಂದು ಸಬ್ ಇನ್‌ಸ್ಪೆಕ್ಟರ್ ಕೇಳಿದರು. ಅರ್ಜಿಯ ಬಲವೇ ಹೋಗುತ್ತದೆಂದು ವಕೀಲರು ಗೊಣಗಿದರು. ಕೊನೆಗೆ ಸರ್ಕಾರಿ ವಕೀಲರ ಅಭಿಪ್ರಾಯ ಪಡೆದು ಒಂದು ವ್ಯವಸ್ಥೆಯಾಯಿತು. ಗೆರೆ ಹಾಗೇ ಇರುತ್ತದೆ, ಪ್ರತಿಭಟನೆಯೂ ಇರುತ್ತದೆ. ಬುತ್ತಿ ಇಳಿಸುವಷ್ಟು ಹೊತ್ತು ಮಾತ್ರ ಮಾಲೀಕರ ಲಿಖಿತ ಒಪ್ಪಿಗೆಯ ಮೇಲೆ ಹಳೆಯ ಕಂಡಕ್ಟರನನ್ನು ದಫೇದಾರರೇ ಕರೆತಂದು, ದಫೇದಾರರೇ ಬಿಟ್ಟುಬರಬೇಕು. ಹಿಂದಿನ ದಿನ ಗೆರೆ ದಾಟಿದ್ದನ್ನು ದಫೇದಾರರ ವರದಿಯೂ ಪತ್ರಿಕೆಯ ವರದಿಯೂ ಒಂದೇ ರೀತಿ ಹೇಳಿದ್ದರಿಂದ ಅದನ್ನು ಅಡ್ಡಿ ಎಂದು ಕಾಣುವ ಅಗತ್ಯವಿಲ್ಲವೆಂದು ಸಬ್ ಇನ್‌ಸ್ಪೆಕ್ಟರ್ ತಮ್ಮ ಷರಾ ಬರೆದರು. ನಿಂದನೆ ಅರ್ಜಿ ಸಲ್ಲಿಕೆಯಾಗಲಿಲ್ಲ.

ಮಾರನೆಯ ದಿನದಿಂದ ನಿಲ್ದಾಣದಲ್ಲಿ ಒಂದು ವಿಚಿತ್ರ ನೋಟ. ಬಸ್ಸು ನಿಂತೊಡನೆ ಘೋಷಣೆ ಅರ್ಧಕ್ಕೆ ನಿಲ್ಲುತ್ತಿತ್ತು. ದಫೇದಾರರು ಜಗುಲಿಗೆ ಹೋಗಿ, “ಬರ್ರಪ್ಪ ಸಾಹೇಬ್ರೇ,” ಎಂದು ಹಳೆಯ ಕಂಡಕ್ಟರನನ್ನು ಕರೆತರುತ್ತಿದ್ದರು. ಅವನು ಗತ್ತಿನಿಂದ ನಡೆದು ಬರುತ್ತಿದ್ದ. ಮೆಟ್ಟಿಲಿಗೆ ಕಾಲಿಡುತ್ತಿರಲಿಲ್ಲ, ಕೆಳಗೇ ನಿಂತು ಕೈ ತೋರಿಸುತ್ತಿದ್ದ. ಹೊಸ ಕಂಡಕ್ಟರ್ ಎತ್ತಿ ಕೊಡುತ್ತಿದ್ದ. “ಅದು ಹಾಸ್ಟೆಲ್. ಅದು ಕಣ್ಣಿನ ಆಪರೇಷನ್ ಅಜ್ಜಂದು. ಅದನ್ನ ಅಲ್ಲಾಡಿಸ್ಬೇಡ, ಸಾರೈತೆ.” “ಆತ್ರೀ, ಆತ್ರೀ,” ಎನ್ನುತ್ತಿದ್ದ ಹೊಸಬ. ಮುಗಿದ ಮೇಲೆ ಅವನನ್ನು ಗೆರೆಯಾಚೆ ಬಿಡುತ್ತಿದ್ದರು. ಅವನು ಗಂಟಲು ಸರಿಮಾಡಿಕೊಂಡು, “ಹಕ್ಕಿಗೆ ಗೂಡು...” ಎಂದು ಬಿಟ್ಟಲ್ಲಿಂದ ಶುರು ಮಾಡುತ್ತಿದ್ದ.

ಬಂದಳಿಕೆ ಕ್ರಾಸಿನ ಹೆಂಗಸು ಒಂದು ದಿನ ಬುತ್ತಿ ಎತ್ತಿ ಕೊಡುತ್ತ ನನಗೆ ಹೇಳಿದರು. “ಅಂತೂ ಬುತ್ತಿಗೂ ಪೊಲೀಸ್ ಕೊಟ್ರು ನೋಡು ಅಕ್ಕಾ.”

ಆ ಸಾಲನ್ನು ಡೆಸ್ಕಿನವರು ಕತ್ತರಿಸಲಿಲ್ಲ.

ಸಂಧಾನಕ್ಕೆ ಎರಡೂ ಕಡೆಯವರು ಹೋದರು. ಹೊರಗೆ ಕಾದಿದ್ದ ನನಗೆ ಒಳಗಿನ ಮಾತು ಗೊತ್ತಿಲ್ಲ, ಕಾರ್ಮಿಕ ಅಧಿಕಾರಿ ಓದಿ ಹೇಳಿದ ಒಪ್ಪಂದವಷ್ಟೇ ಗೊತ್ತು. ಗುಡವಿಯಲ್ಲಿ ಮಲಗಲು ಕೋಣೆ. ಒಂದು ರಾತ್ರಿ ಬಿಟ್ಟು ಒಂದು ರಾತ್ರಿ ಬದಲಿ ಸಿಬ್ಬಂದಿ. ಹೊಸ ಕಂಡಕ್ಟರನೇ ಆ ಬದಲಿ. ಹಳೆಯ ಕಂಡಕ್ಟರನಿಗೆ ಎಚ್ಚರಿಕೆ ಕೊಟ್ಟು ಮರಳಿ ಕೆಲಸ. ಟಿಕೆಟ್ ಯಂತ್ರ ಚರಂಡಿಗೆ ಎಸೆದದ್ದಕ್ಕೆ ಸಂಘದಿಂದ ಕ್ಷಮೆ. ಒಡೆದ ಗಾಜಿನ ಬಗ್ಗೆ ಒಪ್ಪಂದದಲ್ಲಿ ಏನೂ ಇರಲಿಲ್ಲ, ಯಾರು ಎಸೆದರೆಂಬುದು ಈಗಲೂ ತಿಳಿದುಬಂದಿಲ್ಲ. ಮಾಲೀಕರು ಹೈಕೋರ್ಟಿನಿಂದ ಅರ್ಜಿಯನ್ನು ಹಿಂಪಡೆದರು. ಕಾವಲು ಮುಗಿಯಿತು. ಲಾಠಿ ಕಂಬಿಯಿಂದ ಕೆಳಗಿಳಿದದ್ದು ಆ ದಿನವೇ, ದಫೇದಾರರು ಮನೆಗೆ ಹೊರಟಾಗ.

ಕಾವಲಿಲ್ಲದ ಮೊದಲ ದಿನದ ಬಗ್ಗೆ ನಾನು ಕಳಿಸಿದ್ದು ಒಂದೇ ವಾಕ್ಯ. ‘ಗುಡವಿ–ಶಿಕಾರಿಪುರ ಬಸ್ ಎಂದಿನಂತೆ ಸಂಚರಿಸಿತು.’

ಉಪಸಂಪಾದಕರು ಫೋನ್ ಮಾಡಿದರು. “ಇದರಲ್ಲಿ ಸುದ್ದಿ ಏನಿದೆ ಮೇಡಂ?”

“ಇದೇ ಸುದ್ದಿ,” ಎಂದೆ.

ಒಳಪುಟದ ಮೂಲೆಯಲ್ಲಿ, ಮಾರುಕಟ್ಟೆ ಧಾರಣೆಯ ಕೆಳಗೆ ಹಾಕಿದರು. ಮುಖಪುಟದಲ್ಲಿ ನನ್ನ ಹೆಸರಿನೊಂದಿಗೆ ಬಂದ ವರದಿಗಳು ಕೆಲವಿವೆ. ಅವುಗಳ ಪಕ್ಕದಲ್ಲಿ ಈ ಹೆಸರಿಲ್ಲದ ಒಂದು ಸಾಲನ್ನೂ ಕತ್ತರಿಸಿ ಇಟ್ಟುಕೊಂಡಿದ್ದೇನೆ.

ಅದು ಅಚ್ಚಾದ ಬೆಳಿಗ್ಗೆ ನಾನು ಸೊರಬದಲ್ಲಿ ಬಸ್ ಹತ್ತಿದಾಗ ಹಳೆಯ ಕಂಡಕ್ಟರ್ ಅದನ್ನು ಇಡೀ ಬಸ್ಸಿಗೆ ಓದಿ ಹೇಳುತ್ತಿದ್ದ. ಪೊಲೀಸರಿಲ್ಲದ ಮುಂದಿನ ಸೀಟಿನಲ್ಲಿ ಅದೇ ಅಜ್ಜಿ ಕೂತಿದ್ದಳು. ಹಲಗೆಯ ಮೇಲೆ ಬುತ್ತಿಗಳಿಗೆ ಜಾಗ ಸಾಲದೆ ಒಂದೆರಡು ಅವಳ ಮಡಿಲಲ್ಲಿದ್ದವು. ಅವನು ಪತ್ರಿಕೆ ಮಡಚಿ ನನ್ನ ಬಳಿ ಬಂದ.

“ಎಂದಿನಂತೆ ಅಂತ ಬರ್ದೀರಲ್ಲ, ಎಂದಿನಂತೆ ಅಂದ್ರೆ ಎಂತದ್ರೀ? ನಾನು ಬಂದೀನಿ ಅನ್ನೋದು ಸುದ್ದಿ ಅಲ್ವ?”

“ನೀವು ಇದ್ರೆ ತಾನೇ ಅದು ಎಂದಿನಂತೆ?”

ಅವನು ಮೀಸೆಯ ಮೇಲೆ ಒಮ್ಮೆ ಕೈಯಾಡಿಸಿದ. ಯಂತ್ರದ ಗುಂಡಿ ಒತ್ತಿ, ಟಿಕೆಟ್ ಹರಿದು ನನ್ನ ಮುಂದೆ ಹಿಡಿದ.

“ಶಿಕಾರಿಪುರ ಒಂದು. ಚಿಲ್ರೆ ಕೊಡ್ರಿ ಮೇಡಂ, ಪೇಪರ್‌ನೋರಿಗೂ ಟಿಕೆಟ್ಟೇ. ರೈಟ್, ರೈಟ್!”